ಮೊದಲ ಗೊಂಬೆ ಸಣ್ಣದಿರಲಿ

ಕೈಯಲ್ಲಿ ಮಾಡಿದ ಗೊಂಬೆ ಕೂಡಿಡುವ ಹುಚ್ಚು ಹೊಸದಾಗಿ ಹತ್ತಿದವರಿಗೆ ನಾನು ಕೊಪ್ಪಳದ ಪಕ್ಕದ ಕಿನ್ನಾಳದ ದಾರಿ ತೋರಿಸುತ್ತೇನೆ. ಚನ್ನಪಟ್ಟಣದ ಗೊಂಬೆ ಚೆಂದವೇ. ಆದರೆ ಅದು ತಿರುಗುವ ಲೇತಿನ ಮೇಲೆ ಅರಗಿನ ಬಣ್ಣ ಹಚ್ಚಿಕೊಂಡು ಬರುವಂಥದು. ಕಿನ್ನಾಳದ್ದು ಚಿತ್ರಗಾರರ ಉಳಿ, ಕುಂಚದಲ್ಲೇ ಮೂಡಬೇಕು. ಹಗುರವಾದ ಮರದಲ್ಲಿ ಕೈ, ಕಾಲು, ಮೈ ಬೇರೆ ಬೇರೆ ಕೆತ್ತಿ ಹುಣಸೆಬೀಜದ ಅಂಟಿನಿಂದ ಕೂಡಿಸುತ್ತಾರೆ. ಗೋಣಿಚೀಲದ ಚಿಂದಿಯನ್ನು ನೆನೆಸಿ, ಒಣಗಿಸಿ, ಪುಡಿ ಮಾಡಿ, ಅದೇ ಅಂಟಿನಲ್ಲಿ ಕಲಸಿದರೆ ‘ಕಿಟ್ಟ’. ಸಂದುಗಳನ್ನು ಮುಚ್ಚುವುದು ಅದೇ. ಬಿಳಿ ಬಳಿದ ಮೇಲಷ್ಟೇ ಕೆಂಪು, ಹಸಿರು, ಹಳದಿ.

ಕೊಳ್ಳುವಾಗ ನನ್ನ ಕಣ್ಣು ಮೊದಲು ಹೋಗುವುದು ಗೊಂಬೆಯ ಕಣ್ಣಿಗೇ. ರೆಪ್ಪೆಯ ಗೆರೆ ತಡವರಿಸದೆ ಬಂದಿದ್ದರೆ ಕೈ ಪಳಗಿದೆ ಎಂದು ಲೆಕ್ಕ. ಆಮೇಲೆ ತಿರುಗಿಸಿ ಬೆನ್ನು ನೋಡುತ್ತೇನೆ. ಅಲ್ಲಿ ಬಣ್ಣ ಅವಸರದ್ದಾಗಿದ್ದರೆ ವಾಪಸ್ ಇಡುತ್ತೇನೆ. ದೊಡ್ಡ ದೇವರ ಮೂರ್ತಿ ಆಮೇಲಾಯಿತು, ಅಂಗೈಯಗಲದ ಗರುಡನೊಂದನ್ನು ಮೊದಲು ತನ್ನಿ. ನೀರು ತಾಗಿಸಬೇಡಿ, ಬಿಸಿಲಿಗಿಡಬೇಡಿ, ಒಣ ಕುಂಚದಿಂದ ಧೂಳು ಕೊಡವಿ. ಮಾಡಿದವರ ಹೆಸರು ಕೇಳಿ ಬರೆದಿಟ್ಟುಕೊಳ್ಳಿ. ಚೌಕಾಸಿಯೊಂದು ಮಾತ್ರ ಬೇಡ.