ಬಂದವರ ಕೇರಿಗಳಲ್ಲಿ ಒಂದು ಭಾನುವಾರ

ಪ್ರವಾಸವೆಂದರೆ ದೂರದೂರಿಗೆ ಹೋಗುವುದೆಂಬ ಭಾವನೆ ನಮ್ಮ ಕುಟುಂಬಗಳಲ್ಲಿ ಬೇರೂರಿದೆ. ವೇಲಾಂಕಣಿಗೆ ಹೋಗಿಬರುತ್ತೇವೆ, ಡಿಸೆಂಬರ್ ಬಂತೆಂದರೆ ಹಳೆ ಗೋವೆಗೆ ಹೋಗಿಬರುತ್ತೇವೆ. ಆದರೆ ಹುಟ್ಟಿ ಬೆಳೆದ ಕೇರಿಯನ್ನು ಕಣ್ತೆರೆದು ನೋಡಿದವರು ನಮ್ಮಲ್ಲಿ ವಿರಳ. ನಾವೂ ಆ ವಿರಳರ ಪೈಕಿ ಆಗಿರಲಿಲ್ಲ. ನಮ್ಮ ಕಣ್ಣು ತೆರೆಸಿದ್ದು ಒಂದು ಚಿಕ್ಕ ಘಟನೆ. ಅದನ್ನು ಹೇಳಿಕೊಳ್ಳಲು ನಮಗೆ ಸಂಕೋಚವಿದ್ದರೂ ಹೇಳದೆ ಗತ್ಯಂತರವಿಲ್ಲ.

ಹೋದ ವರ್ಷ ಮಳೆಗಾಲ ಕಳೆದು ಬೈತಖೋಲದ ದೋಣಿಗಳು ಮತ್ತೆ ಕಡಲಿಗಿಳಿದ ದಿನಗಳವು. ಬಂದರಿನ ಕೆಲಸಕ್ಕೆಂದು ಒಡಿಶಾದಿಂದ ಬಂದಿದ್ದ ತರುಣನೊಬ್ಬ ಹೆಂಡತಿ ಹಾಗೂ ಕೈಗೂಸಿನೊಡನೆ ನಮ್ಮ ಬಾಗಿಲಿಗೆ ಬಂದು, ಹಿತ್ತಿಲಿನ ಖಾಲಿ ಕೋಣೆಯನ್ನು ಬಾಡಿಗೆಗೆ ಕೇಳಿದ. "ಹೊರಗಿನವರಿಗೆ ಕೊಡುವುದಿಲ್ಲ" ಎಂದು ಎರಡೇ ಮಾತಿನಲ್ಲಿ ಅವರನ್ನು ಕಳುಹಿಸಿಬಿಟ್ಟೆವು. ಅದನ್ನು ಕೇಳಿಸಿಕೊಂಡಿದ್ದ ನಮ್ಮ ಹತ್ತು ವರ್ಷದ ಮಗಳು ರಾತ್ರಿ ಊಟದ ಹೊತ್ತಿಗೆ, "ಪಪ್ಪಾ, ನಾವು ಮೊದಲಿನಿಂದಲೂ ಇಲ್ಲಿಯವರೇ?" ಎಂದು ಕೇಳಿದಳು. ನಾವು ಉತ್ತರಿಸುವ ಮೊದಲೇ ಅಜ್ಜಿ, "ಅಲ್ಲ ಬಾಯೇ, ನಮ್ಮವರು ಸಾಷ್ಟಿಯಿಂದ ಬಂದವರು" ಎಂದರು. ಯಾವಾಗ, ಏಕೆ, ಯಾವ ಹಾದಿಯಿಂದ ಎಂದು ಕೇಳಿದರೆ ಅವರಿಗೂ ತಿಳಿಯದು. ನಮಗಂತೂ ಸಾಷ್ಟಿ ಎಂಬ ಹೆಸರೂ ಮರೆತುಹೋಗಿತ್ತು.

ಆ ಪ್ರಶ್ನೆಯ ಬೆನ್ನುಹತ್ತಿ ನಾವು ಮನೆಮಂದಿಯೆಲ್ಲ ಒಂದು ಭಾನುವಾರ ಕಾಲ್ನಡಿಗೆಯಲ್ಲಿ ಹೊರಟೆವು. ಮಾರ್ಗದರ್ಶಕರಿಲ್ಲ, ಟಿಕೇಟಿಲ್ಲ. ಒಂದು ಕೊಡೆ, ನೀರಿನ ಬಾಟಲಿ, ಮಗಳ ಶಾಲೆಯ ಹಳೆಯ ನೋಟುಪುಸ್ತಕ, ಇಷ್ಟೇ ಸರಂಜಾಮು. ಓದುಗರೂ ಇದೇ ಹಾದಿಯನ್ನು ಹಿಡಿಯಲೆಂಬ ಆಶೆಯಿಂದ ಇಲ್ಲಿ ವಿವರಿಸುತ್ತಿದ್ದೇವೆ.

ಪ್ರಧಾನಾಲಯದ ಅಂಗಳದಿಂದ

ಬೆಳಗಿನ ಬಲಿಪೂಜೆ ಮುಗಿಸಿ ಸ್ವರ್ಗಸ್ವೀಕೃತ ಮಾತೆಯ ಪ್ರಧಾನಾಲಯದ ಅಂಗಳದಿಂದಲೇ ನಡಿಗೆಯನ್ನು ಆರಂಭಿಸುವುದು ಸೂಕ್ತ. ನಮ್ಮ ಕಾರವಾರ ಧರ್ಮಪ್ರಾಂತ್ಯ ಸ್ಥಾಪನೆಯಾದುದು 1976ರಲ್ಲಿ. ಅದಕ್ಕೆ ಮುನ್ನ ನಾವು ಬೆಳಗಾವಿ ಧರ್ಮಪ್ರಾಂತ್ಯಕ್ಕೆ ಸೇರಿದ್ದೆವು. ಆ ಬೆಳಗಾವಿ ಧರ್ಮಪ್ರಾಂತ್ಯವೂ 1953ರಲ್ಲಿ ಗೋವೆಯ ಮಹಾಧರ್ಮಪ್ರಾಂತ್ಯದಿಂದ ಬೇರ್ಪಟ್ಟದ್ದು. ಎಂದರೆ ನಮ್ಮ ಅಜ್ಜ ಅಜ್ಜಿಯರ ಜ್ಞಾನಸ್ನಾನವಾದ ಕಾಲಕ್ಕೆ ಇಲ್ಲಿಯ ಇಗರ್ಜಿ ಗೋವೆಯನ್ನೇ ತಾಯಿಯೆಂದು ನೋಡುತ್ತಿತ್ತು.

ಈ ನಂಟು ಬೆಳೆದದ್ದು ಒಂದೇ ದಿನದಲ್ಲಲ್ಲ. ಹದಿನಾರನೆಯ ಶತಮಾನದಿಂದ ಹದಿನೆಂಟನೆಯ ಶತಮಾನದವರೆಗೆ ಸಾಷ್ಟಿ, ಬಾರ್ದೇಶ, ತೀಸವಾಡಿಗಳಿಂದ ಜನ ಅಲೆಯಲೆಯಾಗಿ ದಕ್ಷಿಣಕ್ಕೆ ಬಂದರು. ಹೊಟ್ಟೆಗಿಲ್ಲದ ಬರಗಾಲ, ಹೊರಲಾರದ ತೆರಿಗೆ, 1560ರಲ್ಲಿ ಗೋವೆಯಲ್ಲಿ ಸ್ಥಾಪಿತವಾದ ಧಾರ್ಮಿಕ ವಿಚಾರಣಾ ಮಂಡಳಿಯ ಭಯ, 1683 ಹಾಗೂ 1739ರ ಸುಮಾರಿಗೆ ನಡೆದ ಮರಾಠರ ದಂಡಯಾತ್ರೆಗಳು, ಹೀಗೆ ಕಾರಣಗಳು ಹಲವು. ಬಂದವರು ಕಥೋಲಿಕರು ಮಾತ್ರವೆಂದು ತಿಳಿದರೆ ತಪ್ಪಾದೀತು. ಸಾರಸ್ವತರು, ದೈವಜ್ಞರು ಮುಂತಾದ ಅನೇಕ ಹಿಂದೂ ಕುಟುಂಬಗಳೂ ಇದೇ ಹಾದಿಯಲ್ಲಿ ಬಂದವು. ಮನೆಮಾತು ಎಲ್ಲರದೂ ಕೊಂಕಣಿ; ಮನೆ ಬಿಟ್ಟ ನೋವೂ ಎಲ್ಲರದೂ ಒಂದೇ.

ಚೆದುರಿಹೋಗಿದ್ದ ಈ ಕಥೋಲಿಕ ಕುಟುಂಬಗಳನ್ನು ಹುಡುಕಿಕೊಂಡು ಗೋವೆಯ ಗುರುವೊಬ್ಬರು 1681ರಲ್ಲಿ ಕೆನರಾ ಸೀಮೆಗೆ ಬಂದು ಮೂರು ವರ್ಷ ದುಡಿದರು. ಅವರೇ ಜೋಸೆಫ್ ವಾಜ್, 2015ರಲ್ಲಿ ಸಂತಪದವಿಗೇರಿಸಲ್ಪಟ್ಟವರು. ಮುಂದೆ 1784ರಲ್ಲಿ ಟಿಪ್ಪುವಿನ ಆಜ್ಞೆಯಿಂದ ಕೆನರಾದ ಕ್ರೈಸ್ತರು ಶ್ರೀರಂಗಪಟ್ಟಣಕ್ಕೆ ಸೆರೆಯಾಗಿ ಸಾಗಿದರು. 1799ರ ಬಳಿಕ ಬದುಕುಳಿದವರು ಮರಳಿ ಬಂದು ಶೂನ್ಯದಿಂದ ಸಂಸಾರ ಹೂಡಿದರು. ಒಮ್ಮೆ ವಲಸೆ ಬಂದವರು ತಮ್ಮ ನೆಲಕ್ಕೆ ಎರಡನೆಯ ಬಾರಿ ವಲಸೆ ಬರಬೇಕಾಯಿತು.

ಕಾಜೂಬಾಗದಿಂದ ಕಾಳಿಯ ದಡಕ್ಕೆ

ಪೇಟೆಯನ್ನು ದಾಟುವಾಗ ಒಂದು ಸಂಗತಿಯನ್ನು ನೆನಪಿಡಬೇಕು. ಈ ಪಟ್ಟಣವೇ ಬಂದವರು ಕಟ್ಟಿದ್ದು. 1862ರಲ್ಲಿ ಉತ್ತರ ಕನ್ನಡ ಜಿಲ್ಲೆಯನ್ನು ಮದರಾಸು ಪ್ರಾಂತದಿಂದ ಮುಂಬಯಿ ಪ್ರಾಂತಕ್ಕೆ ವರ್ಗಾಯಿಸಿದ ಕಾಲಕ್ಕೆ ಈಗಿನ ಕಾರವಾರ ಬೆಸ್ತರ ಹಳ್ಳಿಗಿಂತ ಹೆಚ್ಚೇನೂ ಆಗಿರಲಿಲ್ಲ. ಹಳೆಯ ಕಾರವಾರವಿದ್ದುದು ಕಾಳಿ ನದಿಯ ಮೇಲ್ಗಡೆ, ಕಡವಾಡದ ಬಳಿ. ಇಂಗ್ಲಿಷ್ ವರ್ತಕರು 1638ರಲ್ಲಿ ಕಾರವಾರದಲ್ಲಿ ಕೋಠಿ ತೆರೆದುದೂ ಆ ಹಳೆಯ ಊರಿನ ಕಾಲದಲ್ಲೇ. ಜಿಲ್ಲಾ ಕಚೇರಿಗಳು ಬಂದ ಮೇಲೆ ಗುಮಾಸ್ತರು, ವಕೀಲರು, ಬಡಗಿಗಳು, ದರ್ಜಿಗಳು ದಿಕ್ಕುದಿಕ್ಕಿನಿಂದ ಬಂದು ನೆಲೆಸಿದರು. ಸತ್ಯೇಂದ್ರನಾಥ ಠಾಕೂರರು ಇಲ್ಲಿ ನ್ಯಾಯಾಧೀಶರಾಗಿದ್ದಾಗ ಅವರ ತಮ್ಮ ರವೀಂದ್ರನಾಥರು ಬಂದು ತಂಗಿದ್ದರು. ಅತಿಥಿಯಾಗಿ ಬಂದ ಆ ತರುಣನ ಹೆಸರನ್ನೇ ಇಂದು ನಮ್ಮ ಕಡಲತೀರ ಹೊತ್ತಿದೆ.

ಕೋಡಿಬಾಗದತ್ತ ಸಾಗುವ ಹಾದಿಯಲ್ಲಿ ಕಾಜೂಬಾಗವಿದೆ. ಕಾಜು ಎಂದರೆ ಗೇರು. ಗೇರುಮರವನ್ನು ಬ್ರೆಜಿಲ್‌ನಿಂದ ತಂದು ಈ ದಂಡೆಯಲ್ಲಿ ಊರಿದವರು ಪೋರ್ಚುಗೀಸರು. ಕಾಜು ಎಂಬ ಶಬ್ದವೂ ಅವರೊಡನೆಯೇ ಬಂದದ್ದು. ಮಗಳಿಗೆ ಇದು ಬಹಳ ಹಿಡಿಸಿತು. ಹಾಗಾದರೆ ಇನ್ನೇನು ಹೊರಗಿನಿಂದ ಬಂದಿದೆಯೆಂದು ಪಟ್ಟಿ ಮಾಡತೊಡಗಿದಳು: ಮೇಜು, ಚಾವಿ, ಜನೆಲು, ಬಟಾಟೆ, ಪಾದ್ರಿ, ಇಗರ್ಜಿ. ಇವೆಲ್ಲ ಪೋರ್ಚುಗೀಸ್ ಮೂಲದ ಶಬ್ದಗಳು. ಇಂದು ಅವುಗಳನ್ನು ಪರಕೀಯವೆಂದು ಬಗೆಯುವವರಾರು?

ಇಲ್ಲಿಯ ಒಳದಾರಿಗಳಲ್ಲಿ ನಿಧಾನವಾಗಿ ನಡೆಯಬೇಕು. ಮಂಗಳೂರು ಹೆಂಚಿನ ಮಾಡು, ಜಂಬಿಟ್ಟಿಗೆಯ ಗೋಡೆ, ಕೂತು ಮಾತಾಡಲು ಮುಂಭಾಗದಲ್ಲಿ ಜಗುಲಿ, ಅಂಗಳದಲ್ಲಿ ಶಿಲುಬೆ, ಮಗ್ಗುಲ ಮನೆಯ ಅಂಗಳದಲ್ಲಿ ತುಳಸಿಕಟ್ಟೆ. ಇಂಥ ಮನೆಗಳು ದಿನೇ ದಿನೇ ಕಡಿಮೆಯಾಗುತ್ತಿವೆ. ಮಕ್ಕಳು ಕೊಲ್ಲಿದೇಶಗಳಲ್ಲಿದ್ದಾರೆ, ಬೀಗ ಜಡಿದ ಬಾಗಿಲ ಮುಂದೆ ಹುಲ್ಲು ಬೆಳೆದಿದೆ. ಒಂದು ಜಗುಲಿಯಲ್ಲಿ ಕೂತಿದ್ದ ವೃದ್ಧೆಯೊಬ್ಬರು ನಮ್ಮನ್ನು ಒಳಗೆ ಕರೆದು ಬೆಲ್ಲ ನೀರು ಕೊಟ್ಟು, ತಮ್ಮ ತವರು ಗಡಿಯಾಚೆಯ ಕಾಣಕೋಣವೆಂದೂ, ಗೋವೆ ಇನ್ನೂ ಪೋರ್ಚುಗೀಸರ ಕೈಯಲ್ಲಿದ್ದಾಗ ಗಡಿ ಬಿಗಿಯಾಗಿ ತಾಯಿಯ ಮರಣಕ್ಕೂ ಹೋಗಲಾಗಲಿಲ್ಲವೆಂದೂ ಹೇಳಿದರು. ಗೋವೆ ವಿಮೋಚನೆಯಾದುದು 1961ರ ಡಿಸೆಂಬರ್‌ನಲ್ಲಿ. ಮಾಜಾಳಿಯ ಗಡಿಯನ್ನು ಇಂದು ನಾವು ಬಸ್ಸಿನಲ್ಲಿ ತೂಕಡಿಸುತ್ತ ದಾಟುತ್ತೇವೆ. ಅವರಿಗೆ ಅದು ಒಂದು ಕಾಲಕ್ಕೆ ಪರದೇಶವಾಗಿತ್ತು.

ಕೋಡಿಬಾಗದ ತುದಿಯಲ್ಲಿ ಕಾಳಿ ಸಮುದ್ರವನ್ನು ಸೇರುತ್ತದೆ. ಎದುರಿಗೆ ಸದಾಶಿವಗಡದ ಗುಡ್ಡ. ನಾಲ್ಕು ದಶಕಗಳ ಹಳೆಯ ಸೇತುವೆ 2024ರ ಆಗಸ್ಟ್‌ನಲ್ಲಿ ಕುಸಿದುದು ಎಲ್ಲರಿಗೂ ತಿಳಿದದ್ದೇ. ಆದ್ದರಿಂದ ಮಕ್ಕಳೊಡನೆ ಸೇತುವೆಯ ಮೇಲೆ ನಡೆಯುವ ಸಾಹಸ ಬೇಡ, ಬಸ್ಸಿನಲ್ಲಿ ದಾಟುವುದು ಲೇಸು. ಸೋಂದೆಯ ಅರಸರು ಕಟ್ಟಿಸಿದ ಈ ಕೋಟೆಯ ಆಸುಪಾಸಿನಲ್ಲೇ ಶಾಂತಾದುರ್ಗೆಯ ಗುಡಿಯೂ ಸೂಫಿ ಸಂತರ ದರ್ಗಾವೂ ಇವೆ. ಗೋವೆಯಿಂದ ಓಡಿ ಬಂದವರು ಸೋಂದೆಯ ಸೀಮೆಯಲ್ಲಿ ನೆಲೆ ಕಂಡರು; ಹೈದರಾಲಿಯು ಸೋಂದೆಯನ್ನು ಗೆದ್ದಾಗ ಅದೇ ಸೋಂದೆಯ ಅರಸ ಓಡಿಹೋಗಿ ಆಶ್ರಯ ಪಡೆದದ್ದು ಗೋವೆಯಲ್ಲಿ. ಇಂದು ಆಶ್ರಯ ಕೊಟ್ಟವನು ನಾಳೆ ಆಶ್ರಯ ಬೇಡಬೇಕಾದೀತೆಂಬುದಕ್ಕೆ ಇದಕ್ಕಿಂತ ಬೇರೆ ಪುರಾವೆ ಬೇಕೆ?

ಅಂಕೋಲೆಯ ಹಾದಿಯಲ್ಲಿ

ಮಧ್ಯಾಹ್ನದ ಊಟದ ನಂತರ ಬಸ್ಸು ಹತ್ತಿ ಸುಮಾರು 35 ಕಿಲೋಮೀಟರ್ ದೂರದ ಅಂಕೋಲೆಗೆ ಹೊರಟೆವು. ಬಿಣಗಾ ದಾಟುತ್ತಲೇ ನೌಕಾನೆಲೆಯ ಬೇಲಿ ಎದುರಾಗುತ್ತದೆ. (ಇಲ್ಲಿ ಛಾಯಾಚಿತ್ರ ತೆಗೆಯುವುದು ನಿಷಿದ್ಧ, ಮಕ್ಕಳಿಗೆ ಮೊದಲೇ ಹೇಳಿಡಬೇಕು.) ಸೀಬರ್ಡ್ ಯೋಜನೆಗೆ ಶಂಕುಸ್ಥಾಪನೆಯಾದುದು 1986ರಲ್ಲಿ, ಕದಂಬ ನೌಕಾನೆಲೆ ಕಾರ್ಯಾರಂಭ ಮಾಡಿದ್ದು 2005ರಲ್ಲಿ. ಕಾರವಾರ ಮತ್ತು ಅಂಕೋಲೆ ತಾಲೂಕುಗಳ ಸುಮಾರು 4000 ಕುಟುಂಬಗಳು ತಲೆತಲಾಂತರದ ಮನೆ, ಗದ್ದೆ, ದೋಣಿ ನಿಲ್ಲಿಸುವ ದಂಡೆಗಳನ್ನು ಬಿಟ್ಟು ತೋಡೂರು, ಚಿತ್ತಾಕುಲ ಮುಂತಾದೆಡೆಯ ಪುನರ್ವಸತಿ ಕೇರಿಗಳಿಗೆ ಹೋಗಬೇಕಾಯಿತು. ನ್ಯಾಯವಾದ ಪರಿಹಾರಕ್ಕಾಗಿ ಅವರು ದಶಕಗಳ ಕಾಲ ನ್ಯಾಯಾಲಯಗಳ ಮೆಟ್ಟಿಲು ಹತ್ತಿಳಿದರು. ವಲಸೆಯೆಂಬುದು ಹಳೆಯ ಕಾಲದ ಕತೆ ಮಾತ್ರವಲ್ಲ. ನಮ್ಮ ಕಣ್ಣೆದುರಿಗೇ ಊರಿಗೆ ಊರೇ ಎದ್ದುಹೋದುದನ್ನು ನಾವು ಕಂಡಿದ್ದೇವೆ.

ಆ ದಂಡೆಯ ಎದುರಿಗೆ ಅಂಜುದ್ವೀಪ. ಪೋರ್ಚುಗೀಸರು 1505ರಲ್ಲಿ ಮೊದಲು ಕೋಟೆ ಕಟ್ಟಿದ ನಡುಗಡ್ಡೆಯದು. ಮುಂಬಯಿಯನ್ನು ವಹಿಸಿಕೊಳ್ಳಲೆಂದು ಬಂದ ಇಂಗ್ಲಿಷ್ ಸೈನಿಕರು 1660ರ ದಶಕದಲ್ಲಿ ಅಲ್ಲಿ ಕಾಯುತ್ತಲೇ ರೋಗಕ್ಕೆ ತುತ್ತಾಗಿ ಬಹುಪಾಲು ಸತ್ತರು. 1961ರ ಡಿಸೆಂಬರ್‌ನಲ್ಲಿ ಅದನ್ನು ವಶಪಡಿಸಿಕೊಳ್ಳುವಾಗ ನಮ್ಮ ನೌಕಾಪಡೆಯ ಏಳು ಮಂದಿ ಪ್ರಾಣ ತೆತ್ತರು. ಅಲ್ಲಿಯ ಮಾತೆಯ ಇಗರ್ಜಿಗೆ ಪ್ರತಿ ಫೆಬ್ರವರಿ 2ರಂದು ಯಾತ್ರಿಕರು ದೋಣಿಗಳಲ್ಲಿ ಹೋಗುತ್ತಿದ್ದರು. ದ್ವೀಪ ನೌಕಾಪಡೆಯ ಅಧೀನವಾದ ಮೇಲೆ ಆ ಹಬ್ಬ ನಿಂತಿತು.

ಅಂಕೋಲೆಯಲ್ಲಿ ನಾವು ಮೊದಲು ನಿಂತದ್ದು ಆರ್ಯಾದುರ್ಗೆಯ ದೇಗುಲದ ಎದುರಿನಲ್ಲಿ. ಏಕೆಂದು ಓದುಗರು ಕೇಳಬಹುದು. ಈ ದೇವಿಯ ಮೂಲನೆಲೆ ಅಂಜುದ್ವೀಪವೇ ಆಗಿತ್ತೆಂದೂ, ಪೋರ್ಚುಗೀಸರ ಕಾಲದಲ್ಲಿ ಮೂರ್ತಿಯನ್ನು ಇಲ್ಲಿಗೆ ತರಲಾಯಿತೆಂದೂ ಜನರ ನಂಬಿಕೆ. ದ್ವೀಪದ ಹೆಸರೇ ದೇವಿಯಿಂದ ಬಂದುದೆಂದು ಹೇಳುವವರೂ ಉಂಟು. ಒಂದೇ ದ್ವೀಪ ಹಿಂದೂಗಳ ಪಾಲಿಗೂ ಕಥೋಲಿಕರ ಪಾಲಿಗೂ ಕೈತಪ್ಪಿದ ತವರಾಗಿದೆ. ಇದನ್ನು ಅರಿತ ಮೇಲೆ ನೆರೆಮನೆಯವರ ಹರಕೆ, ಹಬ್ಬಗಳನ್ನು ನೋಡುವ ನಮ್ಮ ದೃಷ್ಟಿ ಬದಲಾಯಿತು.

ಪೇಟೆಯಲ್ಲಿ ಸಂಜೆಯ ಮೀನುಮಾರುಕಟ್ಟೆ ತುಂಬಿತ್ತು. ಕೊರಳ ತುಂಬ ಮಣಿಸರ ಹಾಕಿದ ಹಾಲಕ್ಕಿ ಹೆಂಗಸರು ಕಾಯಿಪಲ್ಲೆ ಹರಡಿಕೊಂಡು ಕೂತಿದ್ದರು. 1930ರ ಏಪ್ರಿಲ್‌ನಲ್ಲಿ ಇದೇ ಅಂಕೋಲೆ ಉಪ್ಪಿನ ಸತ್ಯಾಗ್ರಹಕ್ಕೆ ಸಜ್ಜಾಗಿ ನಾಡಿಗೆಲ್ಲ ಹೆಸರಾಯಿತು. ಇಲ್ಲಿಂದಲೇ ಹುಬ್ಬಳ್ಳಿಯ ರಸ್ತೆ ಘಟ್ಟವನ್ನು ಹತ್ತುತ್ತದೆ. ಆ ಮೇಲೆ ಯಲ್ಲಾಪುರ, ಹಳಿಯಾಳದ ಕಾಡುಗಳಲ್ಲಿ ನಮ್ಮ ಸಿದ್ದಿ ಬಾಂಧವರಿದ್ದಾರೆ. ಅವರ ಪೂರ್ವಿಕರು ಆಫ್ರಿಕದಿಂದ ಗುಲಾಮರಾಗಿ ತರಲ್ಪಟ್ಟವರು. ಗೋವೆಯ ಒಡೆಯರಿಂದ ತಪ್ಪಿಸಿಕೊಂಡು ಕಾಡು ಸೇರಿದವರು ಅನೇಕರು. ಅವರಲ್ಲಿ ಕಥೋಲಿಕರಿದ್ದಾರೆ, ಹಿಂದೂಗಳಿದ್ದಾರೆ, ಮುಸಲ್ಮಾನರಿದ್ದಾರೆ. 2003ರಲ್ಲಿ ಉತ್ತರ ಕನ್ನಡದ ಸಿದ್ದಿಗಳನ್ನು ಪರಿಶಿಷ್ಟ ಪಂಗಡಕ್ಕೆ ಸೇರಿಸಲಾಯಿತು. ನಮ್ಮದೇ ಧರ್ಮಪ್ರಾಂತ್ಯದ ಈ ಕುಟುಂಬಗಳನ್ನು ಎಷ್ಟು ಸಲ ನಮ್ಮ ಮನೆಯ ಹಬ್ಬಕ್ಕೆ ಕರೆದಿದ್ದೇವೆ? ಮಗಳು ಕೇಳಲಿಲ್ಲ, ನಾವೇ ನಮ್ಮನ್ನು ಕೇಳಿಕೊಂಡೆವು.

ಹೊರಡುವವರಿಗೆ ಎರಡು ಮಾತು

ಈ ನಡಿಗೆಗೆ ನವೆಂಬರ್‌ನಿಂದ ಫೆಬ್ರವರಿಯವರೆಗಿನ ದಿನಗಳು ಹಿತಕರ. ಬೆಳಗಿನ ಪಯಣ ಕಾರವಾರದಲ್ಲಿ, ಸಂಜೆಯದು ಅಂಕೋಲೆಯಲ್ಲಿ ಇಟ್ಟುಕೊಂಡರೆ ಬಿಸಿಲಿನ ಹೊತ್ತು ಬಸ್ಸಿನಲ್ಲಿ ಕಳೆಯುತ್ತದೆ. ಅನ್ಯರ ಮನೆಯ ಚಿತ್ರ ತೆಗೆಯುವ ಮುನ್ನ ಅನುಮತಿ ಕೇಳುವುದು ಮರ್ಯಾದೆ. ಹೊರಡುವ ಹಿಂದಿನ ರಾತ್ರಿ ಮನೆಯ ಹಿರಿಯರಲ್ಲಿ ನಾಲ್ಕು ಪ್ರಶ್ನೆಗಳನ್ನು ಕೇಳಿ ಬರೆದಿಟ್ಟುಕೊಳ್ಳಿರಿ: ನಮ್ಮವರ ಮೂಲ ಊರಾವುದು? ಮೊದಲು ಬಂದವರ ಹೆಸರೇನು? ಅವರು ಇಲ್ಲಿ ಯಾವ ಕೆಲಸ ಹಿಡಿದರು? ಅವರಿಗೆ ಮೊದಲ ರಾತ್ರಿ ತಂಗಲು ಸ್ಥಳ ಕೊಟ್ಟವರಾರು? ಕೊನೆಯ ಪ್ರಶ್ನೆಗೆ ಉತ್ತರ ಸಿಗುವುದು ಕಷ್ಟ. ಆದರೆ ಯಾರೋ ಒಬ್ಬರು ಕೊಟ್ಟಿರಲೇಬೇಕು. ಇಲ್ಲವಾದರೆ ನಾವಿಂದು ಇರುತ್ತಿರಲಿಲ್ಲ. ಹೆರೋದನ ಭಯದಿಂದ ಈಜಿಪ್ತಿಗೆ ಓಡಿದ ಪವಿತ್ರ ಕುಟುಂಬಕ್ಕೂ ಯಾರೋ ಒಬ್ಬರು ಬಾಗಿಲು ತೆರೆದಿರಬೇಕಲ್ಲವೇ?

ಮರುದಿನ ನಾವು ಬೈತಖೋಲ ಬಂದರಿಗೆ ಹೋಗಿ ಆ ಒಡಿಶಾದ ತರುಣನನ್ನು ವಿಚಾರಿಸಿದೆವು. ಅವನು ಕುಟುಂಬ ಸಮೇತ ಬೇರೆ ಬಂದರಿಗೆ ಹೋಗಿಬಿಟ್ಟಿದ್ದ. ಎಲ್ಲಿಗೆಂದು ಜೊತೆಯವರಿಗೂ ತಿಳಿಯದು. ಅವನ ಹೆಸರನ್ನು ಕೇಳುವ ಸೌಜನ್ಯವನ್ನೂ ಅಂದು ನಾವು ತೋರಿರಲಿಲ್ಲ.

ಹಿತ್ತಿಲ ಕೋಣೆಯಲ್ಲಿ ಈಗ ಝಾರ್ಖಂಡದ ಒಂದು ಕುಟುಂಬವಿದೆ. ಅವರ ಭಾಷೆ ನಮಗೆ ಬಾರದು, ಅವರ ಧರ್ಮ ಬೇರೆ. ಬಂದ ಮೊದಲ ದಿನ ಅಜ್ಜಿ ಅವರಿಗೆ ಗಂಜಿ, ಒಣಮೀನು ಕೊಟ್ಟುಬಂದರು. ಮಗಳು ಅವರ ಹೆಸರು, ಊರು, ಬಂದ ತಾರೀಖುಗಳನ್ನು ತನ್ನ ನೋಟುಪುಸ್ತಕದಲ್ಲಿ, ಸಾಷ್ಟಿಯಿಂದ ಬಂದ ನಮ್ಮವರ ಹೆಸರಿನ ಕೆಳಗೇ ಬರೆದಿಟ್ಟಿದ್ದಾಳೆ.