ಆರು ಪಂದ್ಯ, ಅರವತ್ತನಾಲ್ಕು ದಾರಿ

ಮಕ್ಕಳೇ, ಪಣಂಬೂರು ಎಂದೊಡನೆ ನಿಮಗೆ ಏನು ನೆನಪಾಗುತ್ತದೆ? ಕಡಲ ತೀರ, ಗಾಳಿಪಟ, ನವಮಂಗಳೂರು ಬಂದರಿಗೆ ಬರುವ ದೊಡ್ಡ ದೊಡ್ಡ ಹಡಗುಗಳು, ಅಲ್ಲವೇ? ನನಗೆ ಮಾತ್ರ ಕಡ್ಡಿ ಮುರಿದ ಒಂದು ಕೊಡೆ ನೆನಪಾಗುತ್ತದೆ. ಆ ಕೊಡೆಯ ಕಥೆಯಲ್ಲಿ ಸ್ವಲ್ಪ ಕ್ರಿಕೆಟ್ ಇದೆ, ಸ್ವಲ್ಪ ಗಣಿತ ಇದೆ, ನನ್ನದೊಂದು ತಪ್ಪೂ ಇದೆ.

2024ರ ಏಪ್ರಿಲ್ 22, ಸೋಮವಾರ. ಬೇಸಿಗೆ ರಜೆ. ಪಣಂಬೂರಿನ ಶಾಲೆಯೊಂದರಲ್ಲಿ ಮಕ್ಕಳಿಗೆ ವಿಜ್ಞಾನ ಶಿಬಿರ ನಡೆಸುತ್ತಿದ್ದೆವು. ಅಂದು ಯಾವ ಮಗುವಿನ ಮುಖದಲ್ಲೂ ಕಳೆ ಇರಲಿಲ್ಲ. ಹಿಂದಿನ ದಿನ ಕೋಲ್ಕತ್ತದಲ್ಲಿ ನಡೆದ ಐಪಿಎಲ್ ಪಂದ್ಯದಲ್ಲಿ ನಮ್ಮ ರಾಯಲ್ ಚಾಲೆಂಜರ್ಸ್ ಬೆಂಗಳೂರು ತಂಡ, ಅಂದರೆ ಆರ್‌ಸಿಬಿ, ಕೇವಲ 1 ರನ್‌ನಿಂದ ಸೋತಿತ್ತು. ಎದುರಾಳಿ ಕೋಲ್ಕತ್ತ ನೈಟ್ ರೈಡರ್ಸ್ 222, ಆರ್‌ಸಿಬಿ 221! ಎಂಟು ಪಂದ್ಯಗಳಲ್ಲಿ ಏಳನೆಯ ಸೋಲು ಅದು. ಹತ್ತು ತಂಡಗಳಲ್ಲಿ ಹತ್ತನೆಯ ಸ್ಥಾನ.

“ಇನ್ನು ಎಂತ ಉಂಟು ಟೀಚರ್? ಕಥೆ ಮುಗೀತು” ಎಂದ ಏಳನೆಯ ತರಗತಿಯ ಒಬ್ಬ ಹುಡುಗ. ಅವನ ತಂದೆ ದೋಣಿಯಲ್ಲಿ ಮೀನು ಹಿಡಿಯಲು ಹೋಗುವವರು.

“ನಿಜವಾಗಿಯೂ ಮುಗಿಯಿತೇ? ಲೆಕ್ಕ ಹಾಕಿ ನೋಡೋಣ” ಎಂದು ಚಾಕ್‌ಪೀಸ್ ಕೈಗೆತ್ತಿಕೊಂಡೆ. ನೀವೂ ಪೆನ್ಸಿಲು, ಕಾಗದ ತೆಗೆದುಕೊಳ್ಳಿ.

ಮೊದಲು ನಿಯಮ ತಿಳಿಯೋಣ

2024ರ ಐಪಿಎಲ್‌ನಲ್ಲಿ 10 ತಂಡಗಳು. ಮೊದಲ ಹಂತದಲ್ಲಿ ಪ್ರತಿ ತಂಡಕ್ಕೂ 14 ಪಂದ್ಯ. ಹಾಗಾದರೆ ಒಟ್ಟು ಎಷ್ಟು ಪಂದ್ಯಗಳು? 10 × 14 = 140 ಎಂದಿರಾ? ಸ್ವಲ್ಪ ತಾಳಿ! ಒಂದು ಪಂದ್ಯದಲ್ಲಿ ಎರಡು ತಂಡಗಳು ಆಡುತ್ತವೆ. ಆದ್ದರಿಂದ ಪ್ರತಿ ಪಂದ್ಯವನ್ನೂ ನಾವು ಎರಡು ಸಲ ಎಣಿಸಿದ್ದೇವೆ. 140ನ್ನು 2ರಿಂದ ಭಾಗಿಸಿದರೆ 70. ಇದೇ ಸರಿಯಾದ ಉತ್ತರ.

ಗೆದ್ದರೆ 2 ಅಂಕ, ಸೋತರೆ 0. ಮಳೆ ಬಂದು ಪಂದ್ಯ ರದ್ದಾದರೆ ಇಬ್ಬರಿಗೂ ಒಂದೊಂದು ಅಂಕ. ಕೊನೆಯಲ್ಲಿ ಮೇಲಿನ ನಾಲ್ಕು ತಂಡಗಳು ಮಾತ್ರ ಮುಂದಿನ ಹಂತಕ್ಕೆ. ಈ ಹಂತಕ್ಕೆ ‘ಪ್ಲೇ ಆಫ್’ ಎಂದು ಹೆಸರು.

‘ಸಾಧ್ಯ’ ಬೇರೆ, ‘ಸಂಭವ’ ಬೇರೆ

ಆರ್‌ಸಿಬಿಯ ಬಳಿ ಆಗ ಇದ್ದದ್ದು 2 ಅಂಕ. ಉಳಿದಿದ್ದು 6 ಪಂದ್ಯ. ಆರನ್ನೂ ಗೆದ್ದರೆ 2 + 12 = 14 ಅಂಕ. ಇದಕ್ಕಿಂತ ಒಂದು ಅಂಕವೂ ಹೆಚ್ಚಾಗದು.

14 ಅಂಕ ಸಾಕಾಗುತ್ತದೆಯೇ? ಹಿಂದಿನ ವರ್ಷಗಳನ್ನು ನೋಡಿದೆವು. 2021ರಲ್ಲಿ ಕೋಲ್ಕತ್ತ ತಂಡ 14 ಅಂಕದಲ್ಲೇ ಮೇಲೆ ಹೋಗಿತ್ತು. ಅದೇ ವರ್ಷ ಮುಂಬೈ ತಂಡ 14 ಅಂಕ ಪಡೆದೂ ಹೊರಗುಳಿದಿತ್ತು. 2023ರಲ್ಲಿ 14 ಅಂಕ ಪಡೆದ ಯಾರಿಗೂ ಜಾಗ ಸಿಗಲಿಲ್ಲ. ಆಗ ಹೊರಗುಳಿದವರಲ್ಲಿ ಆರ್‌ಸಿಬಿಯೂ ಒಂದು. ಅಂದರೆ 14 ಅಂಕ ಬಾಗಿಲಿನ ಹೊಸ್ತಿಲು ಇದ್ದ ಹಾಗೆ. ಒಳಗೂ ಹೋಗಬಹುದು, ಹೊರಗೂ ಉಳಿಯಬಹುದು.

ಆದ್ದರಿಂದ ‘ಸಾಧ್ಯವೇ?’ ಎಂಬ ಪ್ರಶ್ನೆಗೆ ಉತ್ತರ ‘ಹೌದು’. ಆದರೆ ‘ಎಷ್ಟು ಸಂಭವ?’ ಎಂಬುದು ಬೇರೆಯೇ ಪ್ರಶ್ನೆ. ಇದನ್ನು ಅಳೆಯುವ ಗಣಿತದ ಶಾಖೆಗೆ ಸಂಭವನೀಯತೆ ಎಂದು ಹೆಸರು.

ಅರವತ್ತನಾಲ್ಕು ದಾರಿಗಳು

ಒಂದು ಪಂದ್ಯವನ್ನು ಒಂದು ನಾಣ್ಯದ ಚಿಮ್ಮುವಿಕೆ ಎಂದುಕೊಳ್ಳೋಣ. ತಲೆ ಬಿದ್ದರೆ ಗೆಲುವು, ಹೂ ಬಿದ್ದರೆ ಸೋಲು. ಎಷ್ಟು ಬಗೆಯ ಫಲಿತಾಂಶಗಳಿವೆ?

1 ಪಂದ್ಯ – 2 ದಾರಿ
2 ಪಂದ್ಯ – 4 ದಾರಿ
3 ಪಂದ್ಯ – 8 ದಾರಿ
4 ಪಂದ್ಯ – 16 ದಾರಿ
5 ಪಂದ್ಯ – 32 ದಾರಿ
6 ಪಂದ್ಯ – 64 ದಾರಿ

ಪ್ರತಿ ಪಂದ್ಯಕ್ಕೂ ದಾರಿ ಎರಡರಷ್ಟು ಕವಲೊಡೆಯುತ್ತದೆ. ಈ 64 ದಾರಿಗಳಲ್ಲಿ ಆರೂ ಗೆಲುವಿನ ದಾರಿ ಒಂದೇ ಒಂದು! ನಾನು ಹಲಗೆಯ ಮೇಲೆ ‘64ರಲ್ಲಿ 1’ ಎಂದು ದೊಡ್ಡದಾಗಿ ಬರೆದೆ. ಆ ದಾರಿಯಲ್ಲಿ ನಡೆದರೂ ಬೇರೆ ತಂಡಗಳ ಫಲಿತಾಂಶ ಕೂಡಿಬರಬೇಕು. ಆದ್ದರಿಂದ ನಿಜವಾದ ಸಂಭವ ಇನ್ನೂ ಕಡಿಮೆ ಎಂದೂ ಹೇಳಿದೆ. ಮಕ್ಕಳು ಕೊಠಡಿಯಲ್ಲಿ ಮೌನವಾದರು.

ತಂಡ ಎಂದರೆ ನಾಣ್ಯವೇ?

ಒಬ್ಬಳು ಹುಡುಗಿ ಒಳ್ಳೆಯ ಪ್ರಶ್ನೆ ಕೇಳಿದಳು: “ಟೀಚರ್, ಅವರು ಎಂಟರಲ್ಲಿ ಒಂದನ್ನು ಮಾತ್ರ ಗೆದ್ದವರು. ಹಾಗಿರುವಾಗ ಅರ್ಧಕ್ಕರ್ಧ ಎಂದು ಹೇಗೆ ಹೇಳುವುದು?”

ಸರಿಯಾದ ಮಾತು. ಒಂದು ಪಂದ್ಯ ಗೆಲ್ಲುವ ಸಂಭವ 8ರಲ್ಲಿ 1 ಎಂದಿಟ್ಟುಕೊಂಡರೆ 8ನ್ನು ಆರು ಸಲ ಗುಣಿಸಬೇಕು. 2,62,144ರಲ್ಲಿ 1! ಬದಲಿಗೆ, ತಂಡ ಬಲಿಷ್ಠವಾಗಿದೆ, 10ರಲ್ಲಿ 6 ಪಂದ್ಯ ಗೆಲ್ಲಬಲ್ಲದು ಎಂದುಕೊಂಡರೆ? ಆಗ ಸುಮಾರು 21ರಲ್ಲಿ 1.

ನೋಡಿದಿರಾ? ತಂಡ ಅದೇ, ಉಳಿದ ಪಂದ್ಯಗಳೂ ಅವೇ. ನಾವು ಮೊದಲು ಏನನ್ನು ಊಹಿಸಿಕೊಂಡೆವು ಎಂಬುದರ ಮೇಲೆ ಉತ್ತರ ಇಷ್ಟೊಂದು ಬದಲಾಯಿತು. ಎಂಟೇ ಪಂದ್ಯಗಳಿಂದ ತಂಡದ ನಿಜವಾದ ಬಲ ಅಳೆಯುವುದೂ ಕಷ್ಟ. 1 ರನ್‌ನಿಂದ ಸೋತದ್ದೂ ‘ಸೋಲು’, 7 ವಿಕೆಟ್‌ಗಳಿಂದ ಸೋತದ್ದೂ ‘ಸೋಲು’. ಅಂಕಪಟ್ಟಿಗೆ ಎರಡೂ ಒಂದೇ.

ಇನ್ನೊಬ್ಬ ಹೇಳಿದ: “ಸತತ ಆರು ಸೋಲಾಯಿತಲ್ಲ ಟೀಚರ್, ಇನ್ನು ಗೆಲ್ಲಲೇಬೇಕು.” ಇದು ದೊಡ್ಡವರೂ ಮಾಡುವ ತಪ್ಪು. ನಾಣ್ಯಕ್ಕೆ ನೆನಪಿಲ್ಲ. ಆರು ಸಲ ಹೂ ಬಿದ್ದ ಮೇಲೂ ಏಳನೆಯ ಸಲ ತಲೆ ಬೀಳುವ ಸಂಭವ ಅರ್ಧವೇ. ತಂಡ ಗೆಲ್ಲಬೇಕಾದರೆ ಚೆನ್ನಾಗಿ ಆಡಬೇಕು, ಅಷ್ಟೆ. ಹಳೆಯ ಸೋಲುಗಳು ಗೆಲುವನ್ನು ಸಾಲವಾಗಿ ಕೊಡುವುದಿಲ್ಲ.

ಬೇರೆಯವರ ಪಂದ್ಯ, ನಮ್ಮ ಲಾಭ

ಆಮೇಲೆ ಏನಾಯಿತು ಎಂಬುದು ನಿಮಗೆ ಗೊತ್ತೇ ಇದೆ. ಆರ್‌ಸಿಬಿ ಹೈದರಾಬಾದ್ ತಂಡವನ್ನು ಸೋಲಿಸಿತು. ಗುಜರಾತ್ ತಂಡವನ್ನು ಎರಡು ಸಲ ಸೋಲಿಸಿತು. ನಂತರ ಪಂಜಾಬ್ ಮೇಲೆ 60 ರನ್, ಡೆಲ್ಲಿ ಮೇಲೆ 47 ರನ್‌ಗಳ ಗೆಲುವು. 13 ಪಂದ್ಯ, 12 ಅಂಕ!

ಈ ನಡುವೆ ಬೇರೆಯವರ ಪಂದ್ಯಗಳನ್ನೂ ಗಮನಿಸಬೇಕಿತ್ತು. ಉದಾಹರಣೆಗೆ ಮೇ 14ರಂದು ಡೆಲ್ಲಿ ಮತ್ತು ಲಖನೌ ಆಡಿದವು. ಲಖನೌ ಬಳಿ 12 ಅಂಕವಿತ್ತು, ಎರಡು ಪಂದ್ಯ ಉಳಿದಿತ್ತು. ಎರಡನ್ನೂ ಗೆದ್ದರೆ 16 ಅಂಕವಾಗಿ ಆರ್‌ಸಿಬಿಯನ್ನು ದಾಟಿಬಿಡುತ್ತಿತ್ತು. ಡೆಲ್ಲಿಗೆ ಅದು ಕೊನೆಯ ಪಂದ್ಯ, ಗೆದ್ದರೂ 14 ಮಾತ್ರ. ಹಾಗಾದರೆ ಆರ್‌ಸಿಬಿ ಅಭಿಮಾನಿಗಳು ಯಾರು ಗೆಲ್ಲಲಿ ಎಂದು ಬಯಸಬೇಕಿತ್ತು? ಹೌದು, ಡೆಲ್ಲಿ! ಡೆಲ್ಲಿ 19 ರನ್‌ಗಳಿಂದ ಗೆದ್ದಿತು. ಉಳಿದ ಪಂದ್ಯಗಳ ಪಟ್ಟಿ ನೋಡುವಾಗ, ಸ್ಪರ್ಧಿಗಳಿಬ್ಬರೂ ಪರಸ್ಪರ ಆಡುವ ಪಂದ್ಯ ಯಾವುದು ಎಂದು ಮೊದಲು ಹುಡುಕಬೇಕು.

ಹದಿನೆಂಟು ರನ್ ಎಲ್ಲಿಂದ ಬಂತು?

ಕೊನೆಗೆ ಉಳಿದದ್ದು ಒಂದೇ ಜಾಗ, ಒಂದೇ ಪಂದ್ಯ. ಮೇ 18, ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣ. ಎದುರಾಳಿ ಚೆನ್ನೈ ಸೂಪರ್ ಕಿಂಗ್ಸ್. ಚೆನ್ನೈಗೆ 14 ಅಂಕ, ಆರ್‌ಸಿಬಿಗೆ 12. ಆರ್‌ಸಿಬಿ ಗೆದ್ದರೆ ಇಬ್ಬರದೂ 14. ಅಂಕ ಸಮವಾದರೆ ನಿವ್ವಳ ರನ್ ದರ ನೋಡುತ್ತಾರೆ. ಹಾಗೆಂದರೆ, ಒಂದು ಓವರಿಗೆ ಸರಾಸರಿ ಹೊಡೆದ ರನ್‌ನಿಂದ, ಒಂದು ಓವರಿಗೆ ಸರಾಸರಿ ಬಿಟ್ಟುಕೊಟ್ಟ ರನ್ ಕಳೆಯುವುದು.

ಆಗ ಚೆನ್ನೈಯದು 0.528, ಆರ್‌ಸಿಬಿಯದು 0.387. ಪತ್ರಿಕೆಗಳು “ಆರ್‌ಸಿಬಿ ಕನಿಷ್ಠ 18 ರನ್‌ಗಳಿಂದ ಗೆಲ್ಲಬೇಕು” ಎಂದು ಬರೆದವು. ಈ 18 ಎಲ್ಲಿಂದ ಬಂತು? ನಾವೇ ಲೆಕ್ಕ ಹಾಕಬಹುದು.

13 ಪಂದ್ಯ × 20 ಓವರ್ = 260 ಓವರ್.
ಚೆನ್ನೈ: 0.528 × 260 = ಸುಮಾರು 137 ರನ್ ಮುಂದೆ.
ಆರ್‌ಸಿಬಿ: 0.387 × 260 = ಸುಮಾರು 101 ರನ್ ಮುಂದೆ.
ಅಂತರ 36 ರನ್.

ತಕ್ಕಡಿಯನ್ನು ನೆನಪಿಸಿಕೊಳ್ಳಿ. ಒಂದು ತಟ್ಟೆಯಿಂದ ತೆಗೆದು ಇನ್ನೊಂದಕ್ಕೆ ಹಾಕಿದರೆ ಅಂತರ ಎರಡು ಪಟ್ಟು ಬದಲಾಗುತ್ತದೆ. ಆರ್‌ಸಿಬಿ 10 ರನ್‌ಗಳಿಂದ ಗೆದ್ದರೆ ಅದರ ಲೆಕ್ಕಕ್ಕೆ 10 ಸೇರುತ್ತದೆ, ಚೆನ್ನೈ ಲೆಕ್ಕದಿಂದ 10 ಕಳೆಯುತ್ತದೆ. ಆದ್ದರಿಂದ 36ರ ಅಂತರ ಅಳಿಸಲು ಅದರ ಅರ್ಧ, 18 ರನ್ ಬೇಕು! ಎಲ್ಲ ಪಂದ್ಯಗಳೂ ಪೂರ್ತಿ 20 ಓವರ್ ನಡೆದಿರುವುದಿಲ್ಲ. ಹಾಗಾಗಿ ಇದು ಅಂದಾಜು ಲೆಕ್ಕ. ಆದರೂ ಎಷ್ಟು ಹತ್ತಿರ ಬಂತು ನೋಡಿ.

ಕೊನೆಯ ಓವರ್

ಪಂದ್ಯ ಆರಂಭವಾಗಿ 3 ಓವರ್ ಆಗುವಷ್ಟರಲ್ಲಿ ಮಳೆ! ಪಂದ್ಯ ರದ್ದಾದರೆ ಚೆನ್ನೈಗೆ 15, ಆರ್‌ಸಿಬಿಗೆ 13, ಕಥೆ ಮುಗಿದಂತೆ. ಆದರೆ ಮಳೆ ನಿಂತಿತು. ಚಿನ್ನಸ್ವಾಮಿ ಕ್ರೀಡಾಂಗಣದ ಹುಲ್ಲಿನಡಿ ಕೊಳವೆಗಳಿವೆ. 2017ರಲ್ಲಿ ಅಳವಡಿಸಿದ ಯಂತ್ರ ಈ ಕೊಳವೆಗಳ ಮೂಲಕ ನೀರನ್ನು ಕೆಳಕ್ಕೆ ಹೀರಿಕೊಳ್ಳುತ್ತದೆ. ಆದ್ದರಿಂದ ಅಲ್ಲಿ ಮೈದಾನ ಬೇಗ ಆಟಕ್ಕೆ ಸಿದ್ಧವಾಗುತ್ತದೆ.

ಆರ್‌ಸಿಬಿ 218 ರನ್ ಗಳಿಸಿತು. ಚೆನ್ನೈ ಗೆಲ್ಲಲು 219 ಬೇಕು. ಆದರೆ ಮುಂದಿನ ಹಂತಕ್ಕೆ ಹೋಗಲು 201 ಸಾಕು! ಕೊನೆಯ ಓವರಿನಲ್ಲಿ ಬೇಕಿದ್ದುದು 17 ರನ್. ಯಶ್ ದಯಾಳ್ ಬೌಲಿಂಗ್. ಮೊದಲ ಚೆಂಡಿಗೆ ಮಹೇಂದ್ರ ಸಿಂಗ್ ಧೋನಿ ಸಿಕ್ಸರ್ ಹೊಡೆದರು. ಎರಡನೆಯ ಚೆಂಡಿಗೆ ಔಟ್. ಉಳಿದ ನಾಲ್ಕು ಚೆಂಡುಗಳಲ್ಲಿ ಒಂದೇ ರನ್. ಚೆನ್ನೈ 191. ಆರ್‌ಸಿಬಿ 27 ರನ್‌ಗಳಿಂದ ಗೆದ್ದು ನಾಲ್ಕನೆಯ ಸ್ಥಾನ ಪಡೆಯಿತು. ಅಂತಿಮ ಪಟ್ಟಿಯಲ್ಲಿ ಆರ್‌ಸಿಬಿ 0.459, ಚೆನ್ನೈ 0.392. ಡೆಲ್ಲಿ, ಲಖನೌ ಕೂಡ 14 ಅಂಕ ಪಡೆದಿದ್ದವು. ಅವುಗಳ ರನ್ ದರ ಸೊನ್ನೆಗಿಂತ ಕೆಳಗಿತ್ತು. ಸತತ ಆರು ಸೋಲಿನ ನಂತರ ಸತತ ಆರು ಗೆಲುವು! ನಾಲ್ಕು ದಿನಗಳ ಬಳಿಕ ಅಹಮದಾಬಾದ್‌ನಲ್ಲಿ ರಾಜಸ್ಥಾನ ತಂಡಕ್ಕೆ ಸೋತು ಆರ್‌ಸಿಬಿ ಹೊರಬಿತ್ತು ಎಂಬುದನ್ನೂ ಹೇಳಬೇಕು.

ಬಾಸ್ಕೆಟ್‌ಬಾಲ್‌ನ ಮಾಯಾ ಸಂಖ್ಯೆ

ಅಮೆರಿಕದ ಎನ್‌ಬಿಎ ಬಾಸ್ಕೆಟ್‌ಬಾಲ್ ಪಂದ್ಯಾವಳಿಯಲ್ಲಿ 30 ತಂಡಗಳು, ಪ್ರತಿ ತಂಡಕ್ಕೂ 82 ಪಂದ್ಯ! ಪಂದ್ಯಗಳು ಹೆಚ್ಚಾದಷ್ಟೂ ಅದೃಷ್ಟದ ಪಾತ್ರ ಕಡಿಮೆ, ನಿಜವಾದ ಬಲ ಹೊರಬರುತ್ತದೆ. ಅಲ್ಲಿನ ಅಭಿಮಾನಿಗಳು ‘ಮಾಯಾ ಸಂಖ್ಯೆ’ಯೊಂದನ್ನು ಲೆಕ್ಕ ಹಾಕುತ್ತಾರೆ. ಒಟ್ಟು ಪಂದ್ಯಕ್ಕೆ 1 ಸೇರಿಸಿ, ನಮ್ಮ ಗೆಲುವು ಮತ್ತು ಎದುರಾಳಿಯ ಸೋಲು ಎರಡನ್ನೂ ಕಳೆಯಬೇಕು. ನಮ್ಮ ಗೆಲುವು 50, ಹಿಂದಿರುವ ತಂಡದ ಸೋಲು 28 ಎನ್ನಿ. 82 + 1 – 50 – 28 = 5. ನಮ್ಮ ಗೆಲುವು, ಅವರ ಸೋಲು ಸೇರಿ ಇನ್ನು ಐದಾದರೆ ಅವರು ನಮ್ಮನ್ನು ಹಿಡಿಯಲಾರರು.

ಇನ್ನು ಕೊಡೆಯ ಕಥೆ

ಜೂನ್ ತಿಂಗಳು. ಜಡಿಮಳೆ. ಅದೇ ಶಾಲೆಗೆ ಮತ್ತೆ ಹೋಗಿದ್ದೆ. ಅದೇ ಹುಡುಗ ಕಡ್ಡಿ ಮುರಿದ ಹಳೆಯ ಕೊಡೆ ಹಿಡಿದು, ಅರ್ಧ ನೆನೆದು ಬಂದ. ಹೊಸ ಕೊಡೆಗೆಂದು 200 ರೂಪಾಯಿ ಕೂಡಿಟ್ಟಿದ್ದನಂತೆ. ಆರ್‌ಸಿಬಿ ಮೇಲೆ ಹೋಗುವುದೇ ಇಲ್ಲ ಎಂದು ದೊಡ್ಡಮ್ಮನ ಮಗನೊಡನೆ ಬಾಜಿ ಕಟ್ಟಿ ಅಷ್ಟನ್ನೂ ಕಳೆದುಕೊಂಡಿದ್ದ.

“ನೀವೇ ಬೋರ್ಡಿನಲ್ಲಿ ಬರೆದದ್ದಲ್ಲವಾ ಟೀಚರ್, ಅರವತ್ತನಾಲ್ಕರಲ್ಲಿ ಒಂದು ಅಂತ?” ಎಂದ.

ನನಗೆ ಮಾತು ಹೊರಡಲಿಲ್ಲ. ಲೆಕ್ಕ ತಪ್ಪಾಗಿರಲಿಲ್ಲ. ಆದರೆ ಲೆಕ್ಕದ ಅರ್ಥ ಹೇಳುವುದನ್ನು ನಾನು ಮರೆತಿದ್ದೆ. ‘64ರಲ್ಲಿ 1’ ಎಂದರೆ ‘ಆಗುವುದಿಲ್ಲ’ ಎಂದಲ್ಲ. ‘ಅಪರೂಪ, ಆದರೂ ಆಗಬಹುದು’ ಎಂದು. ಅಪರೂಪದ್ದು ಒಮ್ಮೆ ಆಯಿತೆಂದು ಲೆಕ್ಕ ಸುಳ್ಳಾಗುವುದೂ ಇಲ್ಲ.

ಇನ್ನೊಂದು ಮಾತೂ ಇದೆ. ಸಂಭವ ಎಷ್ಟು ಎಂದು ಕೇಳಿದರೆ ಸಾಲದು, ತಪ್ಪಿದರೆ ಕಳೆದುಕೊಳ್ಳುವುದೇನು ಎಂದೂ ಕೇಳಬೇಕು. ಪಣಂಬೂರಿನಲ್ಲಿ ಹವಾಮಾನ ಇಲಾಖೆಯ ವೀಕ್ಷಣಾಲಯವಿದೆ. ಬಿರುಗಾಳಿಯ ಮುನ್ಸೂಚನೆ ಬಂದರೆ ಮೀನುಗಾರರು ದೋಣಿ ಇಳಿಸುವುದಿಲ್ಲ. ಬಿರುಗಾಳಿ ಬಂದೇ ಬರುತ್ತದೆಂಬ ಖಾತ್ರಿ ಯಾರಿಗೂ ಇಲ್ಲ. ಬಂದರೆ ಹೋಗುವುದು ಜೀವ. ಆದ್ದರಿಂದ ಸಣ್ಣ ಸಂಭವವನ್ನೂ ಅವರು ದೊಡ್ಡದಾಗಿ ಕಾಣುತ್ತಾರೆ.

ಇದನ್ನು ಹೇಳಿದಾಗ ಹುಡುಗ ತಲೆಯಾಡಿಸಿದ. “ಅಪ್ಪ ಹಾಗೇ ಹೇಳ್ತಾರೆ ಟೀಚರ್” ಎಂದ. ಇನ್ನು ಬಾಜಿ ಕಟ್ಟುವುದಿಲ್ಲ ಎಂದೂ ಹೇಳಿದ. ಈಗ ನಾನು ‘64ರಲ್ಲಿ 1’ ಎಂದು ಬರೆದಾಗಲೆಲ್ಲ, ಅದರ ಕೆಳಗೆ ‘ಆಗಲೂಬಹುದು’ ಎಂದು ಬರೆಯುತ್ತೇನೆ.

ಮಾಡಿ ನೋಡಿ

1. ಆರು ನಾಣ್ಯಗಳನ್ನು ಒಟ್ಟಿಗೆ ಚಿಮ್ಮಿ. ಎಷ್ಟು ತಲೆ ಬಿದ್ದವು ಎಂದು ಬರೆದಿಡಿ. ತರಗತಿಯವರೆಲ್ಲ ಸೇರಿ 64 ಸಲ ಮಾಡಿ. ಆರೂ ತಲೆ ಎಷ್ಟು ಸಲ ಬಂತು? ಒಮ್ಮೆಯೂ ಬಾರದಿರಬಹುದು, ಎರಡು ಸಲ ಬರಲೂಬಹುದು. ಪಕ್ಕದ ತರಗತಿಯ ಫಲಿತಾಂಶದೊಡನೆ ಹೋಲಿಸಿ.

2. ನಿಮ್ಮ ಶಾಲೆಯಲ್ಲಿ 6 ಕಬಡ್ಡಿ ತಂಡಗಳಿವೆ. ಪ್ರತಿ ತಂಡವೂ ಉಳಿದ ಎಲ್ಲ ತಂಡಗಳೊಡನೆ ಒಮ್ಮೆ ಆಡಿದರೆ ಒಟ್ಟು ಎಷ್ಟು ಪಂದ್ಯಗಳು? (ಉತ್ತರ: 15)

3. ಕೋಲ್ಕತ್ತದ ಆ ಪಂದ್ಯವನ್ನು ಆರ್‌ಸಿಬಿ ಗೆದ್ದಿದ್ದರೆ ಕೊನೆಯಲ್ಲಿ ಅದರ ಅಂಕ ಎಷ್ಟಾಗುತ್ತಿತ್ತು? ಆಗ ರನ್ ದರ ನೋಡುವ ಅಗತ್ಯ ಬರುತ್ತಿತ್ತೇ? ಗೆಳೆಯರೊಡನೆ ಚರ್ಚಿಸಿ.