ಯಾರೂ ಕಾಣದ ಮಳೆ ನಕ್ಷತ್ರ

ತೀರ್ಥಹಳ್ಳಿ, ಹೊಸನಗರ, ಸಾಗರದ ಕಡೆ ಜೂನ್ ಕೊನೆಯ ವಾರದಲ್ಲಿ ಯಾರನ್ನಾದರೂ ‘ಈಗ ಯಾವ ಮಳೆ?’ ಎಂದು ಕೇಳಿದರೆ ‘ಆರಿದ್ರೆ’ ಎಂಬ ಉತ್ತರ ತಟ್ಟನೆ ಬರುತ್ತದೆ. ಆ ಆರಿದ್ರೆ ಆಕಾಶದಲ್ಲಿ ಎಲ್ಲಿದೆ ಎಂದು ಕೇಳಿದರೆ ಮಾತ್ರ, ಕವಲೇದುರ್ಗದ ಕೋಟೆಯ ನೆತ್ತಿ ಹತ್ತಿ ನಿಂತವರಿಗೂ ತೋರಿಸಲು ಸಾಧ್ಯವಿಲ್ಲ. ಇದಕ್ಕೆ ಮೋಡವೇ ಕಾರಣ ಎಂದುಕೊಂಡರೆ ಅದು ಪೂರ್ತಿ ನಿಜವಲ್ಲ. ಮೋಡವೆಲ್ಲ ಸರಿದು ಆಕಾಶ ತಿಳಿಯಾದರೂ ಆ ಎರಡು ವಾರ ಆರಿದ್ರಾ ನಕ್ಷತ್ರ ಯಾರ ಕಣ್ಣಿಗೂ ಬೀಳುವುದಿಲ್ಲ.

ಇದಕ್ಕೆ ಕಾರಣ ಸೂರ್ಯ. ಪಂಚಾಂಗದಲ್ಲಿ ಪ್ರತಿದಿನ ಬದಲಾಗುವ ನಕ್ಷತ್ರ ಚಂದ್ರನದು. ಮಗು ಹುಟ್ಟಿದಾಗ, ಮುಹೂರ್ತ ನೋಡುವಾಗ ಬೇಕಾಗುವುದು ಅದು. ಮಳೆ ನಕ್ಷತ್ರ ಬೇರೆ. ಪಂಚಾಂಗದವರು ಅದನ್ನು ‘ಮಹಾನಕ್ಷತ್ರ’ ಎನ್ನುತ್ತಾರೆ. ಸೂರ್ಯ ಯಾವ ನಕ್ಷತ್ರದ ಜಾಗದಲ್ಲಿದ್ದಾನೋ ಆ ಹೆಸರಿನ ಮಳೆ. ಸೂರ್ಯನ ಜೊತೆಗೇ ಹುಟ್ಟಿ ಜೊತೆಗೇ ಮುಳುಗುವ ನಕ್ಷತ್ರ ಕಾಣುವುದಾದರೂ ಹೇಗೆ?

ಸೂರ್ಯನ ವಾರ್ಷಿಕ ಹಾದಿಯನ್ನು ನಮ್ಮ ಹಿರಿಯರು 27 ಸಮಭಾಗ ಮಾಡಿದರು. ಒಂದೊಂದು ಭಾಗ ದಾಟಲು ಸೂರ್ಯನಿಗೆ ಹದಿಮೂರೂವರೆ ದಿನ ಬೇಕು. ಏಪ್ರಿಲ್ ಮಧ್ಯದಲ್ಲಿ ಅಶ್ವಿನಿ, ನಂತರ ಭರಣಿ, ಕೃತ್ತಿಕೆ, ರೋಹಿಣಿ. ಜೂನ್ 8ರ ಸುಮಾರಿಗೆ ಮೃಗಶಿರೆ, 22ರ ಸುಮಾರಿಗೆ ಆರಿದ್ರೆ. ಆಮೇಲೆ ಪುನರ್ವಸು, ಪುಷ್ಯ, ಆಶ್ಲೇಷ, ಮಘೆ, ಹುಬ್ಬೆ, ಹೀಗೆ ಚಿತ್ತೆ, ಸ್ವಾತಿಯವರೆಗೆ.

ಆದರೆ ಆಕಾಶದಲ್ಲಿ ನಕ್ಷತ್ರಗಳು ಹೀಗೆ ಅಳೆದು ಇಟ್ಟಂತೆ ಇಲ್ಲ. ಹಾಗಾಗಿ ಈ 27 ಮನೆಗಳೂ ಲೆಕ್ಕಕ್ಕಾಗಿ ಕಲ್ಪಿಸಿಕೊಂಡವು. ಆರಿದ್ರಾ ಎಂದು ಸಾಮಾನ್ಯವಾಗಿ ಗುರುತಿಸುವುದು ಮಹಾವ್ಯಾಧ ನಕ್ಷತ್ರಪುಂಜದ ಕೆಂಪು ತಾರೆಯನ್ನು, ಪಾಶ್ಚಾತ್ಯರ ಬೀಟಲ್‌ಜ್ಯೂಸ್. ತಮಾಷೆ ಎಂದರೆ, ಇಂದು ಹೆಚ್ಚಿನ ಪಂಚಾಂಗಗಳು ಅನುಸರಿಸುವ ಲೆಕ್ಕದಲ್ಲಿ ಈ ತಾರೆ ಆರಿದ್ರೆಯ ಮನೆಯಲ್ಲೇ ಇಲ್ಲ! ಪಕ್ಕದ ಮೃಗಶಿರೆಯ ಮನೆಯ ಕೊನೆಯಲ್ಲಿದೆ. ಸ್ವಾತಿಯ ತಾರೆಯೂ ಹಾಗೆಯೇ, ಚಿತ್ತೆಯ ಮನೆಯಲ್ಲಿ ಬಿಡಾರ ಹೂಡಿದೆ. 2019ರ ಕೊನೆಯಿಂದ 2020ರ ಫೆಬ್ರುವರಿವರೆಗೆ ಬೀಟಲ್‌ಜ್ಯೂಸ್ ಎದ್ದು ಕಾಣುವಷ್ಟು ಮಂಕಾಗಿ, ಅದು ಸಿಡಿಯುವ ಕಾಲ ಬಂತೇನೋ ಎಂಬ ಚರ್ಚೆ ಎದ್ದಿತ್ತು. ಅದೇ ಉಗುಳಿದ ದೂಳು ಅಡ್ಡ ಬಂದದ್ದು ಕಾರಣ ಎಂದು ಆಮೇಲೆ ತಿಳಿಯಿತು. ಒಂದು ವೇಳೆ ಅದು ಸಿಡಿದು ಹೋದರೂ ಆರಿದ್ರೆ ಮಳೆಗೆ ಏನೂ ಆಗುವುದಿಲ್ಲ. ಆ ಮಳೆಯ ಹೆಸರು ನಿಂತಿರುವುದು ತಾರೆಯ ಮೇಲಲ್ಲ, ಸೂರ್ಯನ ಹಾದಿಯ ಮೇಲೆ.

ಕಲ್ಪನೆಯ ಈ ನಕ್ಷತ್ರ ರೈತನಿಗೆ ಯಾಕೆ ಬೇಕಾಯಿತು ಎಂಬುದೇ ಇಲ್ಲಿನ ಸ್ವಾರಸ್ಯ. ಯುಗಾದಿ, ದೀಪಾವಳಿ ಚಂದ್ರನ ತಿಂಗಳಿನವು. ಚಾಂದ್ರ ವರ್ಷಕ್ಕೆ ಸುಮಾರು 354 ದಿನ. ವರ್ಷಕ್ಕೆ 11 ದಿನ ಹಿಂದೆ ಸರಿದು, ಅಧಿಕಮಾಸ ಬಂದಾಗ ಮತ್ತೆ ಮುಂದಕ್ಕೆ ಜಿಗಿಯುತ್ತದೆ. ಅಂಥ ಲೆಕ್ಕ ನಂಬಿ ಅಗೆ ಹಾಕಲು ಆಗುವುದಿಲ್ಲ. ಮುಂಗಾರು ಸೂರ್ಯನ ಹಿಂದೆ ಬರುತ್ತದೆ, ಆದ್ದರಿಂದ ಸೂರ್ಯನ ಲೆಕ್ಕವೇ ಬೇಕು. ಕ್ಯಾಲೆಂಡರ್ ಗೋಡೆಗೆ ಬರುವ ಮೊದಲೇ ಮಲೆನಾಡಿನ ಅಕ್ಷರ ಬಾರದ ರೈತನ ಬಾಯಲ್ಲಿ ಸೌರಮಾನದ ಕ್ಯಾಲೆಂಡರ್ ಇತ್ತು. ‘ಆದರೆ ಆರಿದ್ರೆ, ಇಲ್ಲದಿದ್ದರೆ ದರಿದ್ರೆ’ ಎಂಬ ಗಾದೆ ಅದರ ಒಂದು ಪುಟ. ಅಡಿಕೆಗೆ ಕೊಳೆರೋಗ ತಗಲದಂತೆ ಕರಡದ ಕೊಟ್ಟೆ ಕಟ್ಟುವುದು, ಈಗ ಬೋರ್ಡೋ ಮಿಶ್ರಣ ಹೊಡೆಯುವುದು, ಗದ್ದೆಯ ನಟ್ಟಿ, ಎಲ್ಲಕ್ಕೂ ಇಂಥ ಮಳೆಗೆ ಮೊದಲು, ಇಂಥ ಮಳೆ ಕಳೆದ ಮೇಲೆ ಎಂಬ ಲೆಕ್ಕ.

ಕವಲೇದುರ್ಗವನ್ನು ಭುವನಗಿರಿ ಎಂದು ಬೆಳೆಸಿದ ಕೆಳದಿ ಅರಸರ ಬೊಕ್ಕಸವೂ ಈ ಲೆಕ್ಕಕ್ಕೇ ಕಟ್ಟುಬಿದ್ದಿತ್ತು. ಅಕ್ಕಿ, ಕಾಳುಮೆಣಸು ಅವರ ಸಂಪತ್ತು. ಕರಾವಳಿಯ ಬಂದರುಗಳಿಂದ ಪೋರ್ಚುಗೀಸರು ಅಕ್ಕಿ ಒಯ್ಯುತ್ತಿದ್ದರು. ಬೆಟ್ಟದ ಮೇಲಿನ ಕಲ್ಲುಕಟ್ಟಿನ ಕೊಳಗಳನ್ನು ನೋಡಿದರೆ ಮಳೆಗಾಲದ ನೀರನ್ನು ಬೇಸಿಗೆಗೆ ಹಿಡಿದಿಡುವ ಚಿಂತೆ ಎಷ್ಟಿತ್ತೆಂದು ತಿಳಿಯುತ್ತದೆ.

ಆದರೆ ಅವರ ಆರಿದ್ರೆ ನಮ್ಮ ಆರಿದ್ರೆಯಲ್ಲ. ಭೂಮಿಯ ಅಕ್ಷ ಬುಗುರಿಯಂತೆ ನಿಧಾನವಾಗಿ ಓಲಾಡುವುದರಿಂದ, ನಕ್ಷತ್ರದ ಲೆಕ್ಕ ಋತುವಿನ ಲೆಕ್ಕಕ್ಕಿಂತ ಸುಮಾರು 72 ವರ್ಷಕ್ಕೆ ಒಂದು ದಿನ ತಡವಾಗುತ್ತದೆ. 1600ರ ಹೊತ್ತಿಗೆ, ಅಂದರೆ ಹಿರಿಯ ವೆಂಕಟಪ್ಪ ನಾಯಕನ ಕಾಲದಲ್ಲಿ, ಋತುವಿನ ಲೆಕ್ಕದಲ್ಲಿ ಆರಿದ್ರೆ ಈಗಿಗಿಂತ ಐದಾರು ದಿನ ಮೊದಲೇ ಹುಟ್ಟುತ್ತಿತ್ತು. ಆರನೆಯ ಶತಮಾನದ ವರಾಹಮಿಹಿರ, ಸೂರ್ಯ ದಕ್ಷಿಣಕ್ಕೆ ತಿರುಗುವುದು ಪುನರ್ವಸುವಿನಲ್ಲಿ ಎಂದು ದಾಖಲಿಸಿದ್ದಾನೆ. ಈಗ ಅದು ಮೃಗಶಿರೆಯ ಕೊನೆಗೆ ಬಂದಿದೆ. ಹಳೆಯ ಗಾದೆ ಹಳೆಯ ದಿನಾಂಕಕ್ಕೆ ಹೇಳಿದ್ದು ಎಂಬುದನ್ನು ಮರೆಯುವಂತಿಲ್ಲ.

ಓಲಾಟ ಅಲ್ಲಿಗೆ ಐದಾರು ದಿನದ ಮಾತು. ರೈತನನ್ನು ಕಂಗೆಡಿಸಿರುವುದು ಅದಲ್ಲ. 2019ರ ಆಗಸ್ಟ್ ಮೊದಲ ಭಾಗದ ಆಶ್ಲೇಷ ಮಳೆ ಮಲೆನಾಡನ್ನು ಕೊಚ್ಚಿಕೊಂಡು ಹೋಗುವಂತೆ ಸುರಿಯಿತು. 2023ರ ಆಗಸ್ಟ್, 1901ರಿಂದೀಚೆಗೆ ದೇಶ ಕಂಡ ಅತ್ಯಂತ ಒಣ ಆಗಸ್ಟ್. ‘ಮಘೆ ಮಳೆ ಬಂದಷ್ಟೂ ಒಳ್ಳೆಯದು, ಮನೆ ಮಗ ಉಂಡಷ್ಟೂ ಒಳ್ಳೆಯದು’ ಎನ್ನುವ ನಾಡಿನಲ್ಲಿ ಆ ವರ್ಷ ಮಘೆಗೆ ಕಾದವರು ಕಾದೇ ಉಳಿದರು. ನಕ್ಷತ್ರ ಕೈಕೊಟ್ಟಿತು ಎನ್ನುವುದು ಸರಿಯಲ್ಲ. ಮಳೆ ಎಷ್ಟು ಬರುತ್ತದೆ ಎಂದು ಅದು ಯಾವತ್ತೂ ಹೇಳಿರಲಿಲ್ಲ. ಯಾವ ಕೆಲಸಕ್ಕೆ ಯಾವಾಗ ಸಿದ್ಧವಾಗಬೇಕು ಎಂದಷ್ಟೇ ಹೇಳುತ್ತಿತ್ತು. ಎಷ್ಟು ಎಂಬುದಕ್ಕೆ ಮಳೆಮಾಪಕ, ಹವಾಮಾನ ಇಲಾಖೆಯ ಮುನ್ಸೂಚನೆ ನೋಡಲೇಬೇಕು. ಆಗುಂಬೆ, ಹುಲಿಕಲ್‌ನಂಥ ಭಾರೀ ಮಳೆಯ ಊರುಗಳಲ್ಲಂತೂ ಒಂದು ಮಳೆ ನಕ್ಷತ್ರದ ಏರುಪೇರು ಇಡೀ ವರ್ಷದ ಫಸಲನ್ನು ತೀರ್ಮಾನಿಸಬಲ್ಲದು.

ಇನ್ನು ಆರಿದ್ರೆಯ ತಾರೆಯನ್ನು ಕಣ್ಣಾರೆ ನೋಡಬೇಕೆನ್ನುವವರು ಮಳೆಗಾಲ ಕಳೆಯುವವರೆಗೆ ಕಾಯಬೇಕು. ಅಡಿಕೆ ಸುಲಿಯುವ ಡಿಸೆಂಬರ್ ರಾತ್ರಿಗಳಲ್ಲಿ ಎಂಟೂವರೆ, ಒಂಬತ್ತರ ಹೊತ್ತಿಗೆ ಪೂರ್ವಕ್ಕೆ ಮುಖ ಮಾಡಿ ನಿಂತರೆ ಒಂದೇ ಸಾಲಿನಲ್ಲಿ ಮೂರು ನಕ್ಷತ್ರ ಕಾಣುತ್ತವೆ. ಅವುಗಳ ಎಡಕ್ಕೆ ಕೆಂಪಗೆ ಹೊಳೆಯುವುದೇ ಅದು.